ಘಮವಿಲ್ಲದವಳ ಪ್ರಾರ್ಥನೆ

ನಮ್ಮೂರಿನಲ್ಲಿ ಯಾರಾದರೂ ಮನಸ್ಸಿಟ್ಟು ಪ್ರಾರ್ಥನೆ ಮಾಡಿದರೆ ಪಕ್ಕದ ಮನೆಯವರಿಗೆ ಗೊತ್ತಾಗಿಬಿಡುತ್ತದೆ. ಪ್ರಾರ್ಥನೆಗೆ ಘಮ ಇದೆ, ಒಬ್ಬೊಬ್ಬರದು ಒಂದೊಂದು. ದರ್ಜಿ ರಾಯಪ್ಪನದು ಆಗತಾನೇ ಕತ್ತರಿಸಿದ ಹೊಸ ಬಟ್ಟೆಯ ಘಮ. ನಮ್ಮಪ್ಪನದು ಕುದಿಯುವ ಬೆಲ್ಲದ್ದು. ಗಾಡಿ ಹೊಡೆಯುವ ತೋಮಾಸಪ್ಪ ಕುಡಿದು ಬಂದ ಸಂಜೆ ಜಗಲಿಯ ಮೇಲೇ ಮೊಣಕಾಲೂರಿ ಕಣ್ಣು ಮುಚ್ಚುತ್ತಿದ್ದ. ನಿಂಬೆ ಎಲೆ ಹಿಸುಕಿದಂಥ ಘಮ ಒಳಗೆ ಬಂದ ಮೇಲೆಯೇ ಅವನ ಹೆಂಡತಿ ಚಿಲಕ ತೆಗೆಯುತ್ತಿದ್ದಳು. ಹೆಣ್ಣು ನೋಡಲು ಬರುವವರು ಬೇಕೆಂದೇ ಸಂಜೆ ಮನೆಮಂದಿ ಜಪಸರ ಎಣಿಸುವ ಹೊತ್ತಿಗೆ ಬರುತ್ತಿದ್ದರು. ಮನೆ ಕಟ್ಟುವವರು ದೇವರ ಪಟವಿರುವ ಕೋಣೆಗೆ ಬೀದಿಯ ಕಡೆ ದೊಡ್ಡ ಕಿಟಕಿ ಇಡಿಸುತ್ತಿದ್ದರು. ಬಾಯಿಪಾಠದ ಜಪಕ್ಕೆ ಏನೂ ಬರುವುದಿಲ್ಲವಾದ್ದರಿಂದ ನಮ್ಮಲ್ಲಿ ಸುಳ್ಳು ಭಕ್ತಿ ಕಡಿಮೆ, ಆದರೆ ಮೂಗು ಎಲ್ಲರದೂ ಉದ್ದ ಎಂದು ನನ್ನಜ್ಜಿ ಹೇಳುತ್ತಿದ್ದಳು.

ಇನ್ನಾಸಮ್ಮ ಸುಣ್ಣ ಸುಡುವವರ ಮಗಳು. ಅವರ ಮನೆಗೂ ನಮ್ಮ ಮನೆಗೂ ನಡುವೆ ಒಂದೇ ಗೋಡೆ. ನನ್ನ ಹೆಸರು ಸೆಸಿಲಿ. ಅವಳಿಗಿಂತ ಎರಡು ತಿಂಗಳು ದೊಡ್ಡವಳು. ಇಬ್ಬರೂ ಒಂದೇ ಚಾಪೆಯ ಮೇಲೆ ಕೂತು ಜ್ಞಾನೋಪದೇಶ ಕಲಿತೆವು, ಒಂದೇ ದಿನ ಬಿಳಿ ಲಂಗ ಉಟ್ಟು ಚರ್ಚಿನಲ್ಲಿ ಮೊದಲ ಸತ್ಪ್ರಸಾದ ತೆಗೆದುಕೊಂಡೆವು. ಮಕ್ಕಳ ಘಮ ಮೊದಲ ಸಲ ಹೊರಬರುವುದು ಅವತ್ತೇ. ತಾಯಂದಿರೆಲ್ಲ ಉಸಿರು ಬಿಗಿಹಿಡಿದು ಹಿಂದೆ ನಿಂತಿರುತ್ತಾರೆ. ನನ್ನಿಂದ ಸಂಪಿಗೆ ಬಂತು. ಇಡೀ ಚರ್ಚು ತಿರುಗಿ ನೋಡಿತು. ನನ್ನ ಪಕ್ಕದಲ್ಲಿ ಕಣ್ಣು ಮುಚ್ಚಿ ಕೂತಿದ್ದ ಇನ್ನಾಸಮ್ಮನಿಂದ ಏನೂ ಬರಲಿಲ್ಲ. ಅವಳ ತಾಯಿ ಬಗ್ಗಿ ಮಗಳ ನೆತ್ತಿಗೆ ಮೂಗು ಒತ್ತಿದರು. ಹರಳೆಣ್ಣೆಯ ವಾಸನೆ ಅಷ್ಟೇ.

ನಾಳೆ ಬರಬಹುದು, ಮುಂದಿನ ಹಬ್ಬಕ್ಕೆ ಬರಬಹುದು ಎಂದು ಎಲ್ಲರೂ ಸಮಾಧಾನ ಹೇಳಿದರು. ಬರಲಿಲ್ಲ. ಒಂಬತ್ತು ದಿನದ ನವೇನ ಪ್ರಾರ್ಥನೆ ಮಾಡಿಸಿದರು, ಜೇನು ಕುಡಿಸಿದರು, ಉಪವಾಸ ಹಾಕಿದರು. ಹದಿನಾಲ್ಕು ತುಂಬಿದಾಗ ಅವಳ ಸೋದರತ್ತೆ ಬಂದು, ಹುಡುಗಿಯ ಸೆರಗಿಗೆ ಒಂದು ಹಿಡಿ ಮರುಗ ಕಟ್ಟಿ ಕಳಿಸಿ, ಯಾರಿಗೆ ಗೊತ್ತಾಗುತ್ತದೆ ಎಂದಳು. ಅವತ್ತೇ ಗೊತ್ತಾಯಿತು. ಚರ್ಚಿನ ಮೆಟ್ಟಿಲ ಮೇಲೆ ಹುಡುಗಿಯರೆಲ್ಲ ಸುತ್ತುವರಿದು ನಕ್ಕರು. ನಾನೂ ಸ್ವಲ್ಪ ನಕ್ಕೆ. ಇನ್ನಾಸಮ್ಮ ಮನೆಗೆ ಹೋಗಿ ಸೆರಗು ಬಿಚ್ಚಿ ಮರುಗವನ್ನು ಮೇಕೆಗೆ ಹಾಕಿದಳು. ಗೋಡೆಯ ಮೇಲಿಂದ ನಾನು ನೋಡುತ್ತಿದ್ದೆ. "ನಂಗೆ ಬರಲ್ಲ ಅಂದ್ರೆ ಬರಲ್ಲ ಕಣೆ ಸೆಸಿಲಿ," ಎಂದಳು. "ಆದ್ರೆ ಪ್ರಾರ್ಥನೆ ಮಾಡೋದು ಬಿಡೋಕೂ ಬರಲ್ಲ. ಏನ್ ಮಾಡ್ಲಿ ಹೇಳು."

ಅವಳನ್ನು ಕೇಳಿಕೊಂಡು ಯಾವ ಗಂಡೂ ಬರಲಿಲ್ಲ. ದೇವರಿಗೇ ಬೇಡವಾದವಳು ನಮಗ್ಯಾಕೆ ಎಂದರು. ಅವಳಿಗೂ ಮದುವೆ ಬೇಕಿರಲಿಲ್ಲ. ಅವಳಿಗೆ ಬೇಕಾಗಿದ್ದುದು ದಿಬ್ಬದ ಮೇಲಿನ ಕನ್ಯಾಸ್ತ್ರೀಯರ ಮಠ. ನನಗೂ ಅದೇ. ಇಪ್ಪತ್ತನೇ ವಯಸ್ಸಿನಲ್ಲಿ ಇಬ್ಬರೂ ಒಂದೇ ಪೆಟ್ಟಿಗೆಯಲ್ಲಿ ಬಟ್ಟೆ ತುಂಬಿಕೊಂಡು ದಿಬ್ಬ ಹತ್ತಿದೆವು.

ಮಠಕ್ಕೆ ಸೇರಲು ಬಂದವರನ್ನು ಪ್ರಾರ್ಥನಾ ಕೋಣೆಯಲ್ಲಿ ಒಂಟಿಯಾಗಿ ಕೂರಿಸಿ ಬಾಗಿಲು ಹಾಕುವುದು ಪದ್ಧತಿ. ಒಂದು ಗಂಟೆಯ ಮೇಲೆ ಮೂವರು ಹಿರಿಯ ಸಿಸ್ಟರುಗಳು ಬಾಗಿಲು ತೆಗೆದು ಉಸಿರೆಳೆದುಕೊಳ್ಳುತ್ತಾರೆ. ಕೋಣೆಯಲ್ಲಿ ಏನು ಘಮ ತುಂಬಿದೆಯೋ ಆ ಹೆಸರಿನಿಂದಲೇ ಹುಡುಗಿಯನ್ನು ಒಳಗೆ ಕರೆಯುತ್ತಾರೆ. ನನ್ನನ್ನು ಸಂಪಿಗೆ ಸಿಸ್ಟರ್ ಎಂದರು. ಇನ್ನಾಸಮ್ಮನ ಸರದಿ ಬಂದಾಗ ಬಾಗಿಲು ತೆಗೆದವರು ಮುಖ ಮುಖ ನೋಡಿಕೊಂಡರು. ಬೆಳಿಗ್ಗೆ ತೊಳೆದ ನೆಲದ ತೇವದ ವಾಸನೆ ಬಿಟ್ಟರೆ ಬೇರೇನೂ ಇರಲಿಲ್ಲ. ಆಗ ಮದರ್ ಆಗಿದ್ದವರು ಅವಳ ತಲೆಯ ಮೇಲೆ ಕೈಯಿಟ್ಟು, "ಮಗಳೇ, ದೇವರು ನಿನ್ನನ್ನ ಬೇರೆ ಕಡೆಗೆ ಕರೀತಿರಬೋದು," ಎಂದರು. ಇನ್ನಾಸಮ್ಮ ಎದ್ದು ನಿಂತು, ಅಳದೆ, ಸೀರೆಯ ನೆರಿಗೆ ಸರಿಮಾಡಿಕೊಂಡು ಕೇಳಿದಳು: "ಅಡುಗೆಮನೇಲಿ ಯಾರಾದ್ರೂ ಬೇಕಾ ಮದರ್?"

ಅಡುಗೆಮನೆಯಲ್ಲಿ ಯಾವಾಗಲೂ ಜನ ಬೇಕು. ಹಾಗೆ ಒಳಗೆ ಬಂದವಳು ಮೂವತ್ತೊಂದು ವರ್ಷ ಇದ್ದಳು. ಪ್ರಾರ್ಥನಾ ಕೋಣೆಯ ಬೆಂಚುಗಳಲ್ಲಿ ಅವಳಿಗೆ ಜಾಗವಿರಲಿಲ್ಲ. ಪೂಜೆಯ ಹೊತ್ತಿಗೆ ಅಡುಗೆಮನೆಯ ಕಡೆಯ ಬಾಗಿಲಲ್ಲಿ ನಿಲ್ಲುತ್ತಿದ್ದಳು. ಮಧ್ಯಾಹ್ನ ಪಾತ್ರೆ ತೊಳೆದಾದ ಮೇಲೆ ರಾಗಿ ಮೂಟೆಗಳ ಪಕ್ಕ ಗೋಡೆಗೊರಗಿ ಒಂದು ಗಂಟೆ ಕೂರುತ್ತಿದ್ದಳು. ನಾನು ಆಗೀಗ ನೀರು ಕುಡಿಯುವ ನೆಪದಲ್ಲಿ ಹೋಗಿ ನೋಡುತ್ತಿದ್ದೆ. ಮೊದಲ ವರ್ಷಗಳಲ್ಲಿ ಅವಳ ಮುಖ ನೋಡಲಾಗುತ್ತಿರಲಿಲ್ಲ. "ದಿನಾ ಕೇಳ್ತೀನಿ ಕಣೆ," ಎಂದಿದ್ದಳು ಒಮ್ಮೆ. "ಸಂಪಿಗೆ ಬೇಡ, ಗುಲಾಬಿ ಬೇಡ, ಸುಟ್ಟ ಸುಣ್ಣದ್ದೇ ಆಗ್ಲಿ, ಒಂದೇ ಒಂದು ಸಲ ಕೊಡು ಅಂತ. ಕೇಳಿಸ್ಕೋತಾನೋ ಇಲ್ವೋ. ಒಳಗೆಲ್ಲಾ ಕತ್ಲೆ." ನಾನು ಅವಳಿಗಾಗಿ ಪ್ರಾರ್ಥಿಸುತ್ತೇನೆಂದು ಹೇಳಿ ಬಂದೆ. ಪ್ರಾರ್ಥಿಸಿದೆ ಕೂಡ. ಸಂಪಿಗೆ ಚೆನ್ನಾಗಿ ಬಂತು.

ಹನ್ನೆರಡನೆಯ ವರ್ಷವಿರಬೇಕು. ಮಾತೆ ಮರಿಯಮ್ಮನವರ ಹಬ್ಬ ಮುಗಿದ ಮಾರನೆಯ ದಿನ. ನೂರಾರು ಜನಕ್ಕೆ ಅನ್ನ ಮಾಡುವ ತಾಮ್ರದ ಕೊಪ್ಪರಿಗೆಯನ್ನು ಹಿತ್ತಲಲ್ಲಿ ಮಗ್ಗುಲಾಗಿಸಿ, ಇನ್ನಾಸಮ್ಮ ಅದರೊಳಗೇ ಕೂತು ಹುಣಿಸೆಹಣ್ಣು, ಬೂದಿ ಹಾಕಿ ಉಜ್ಜುತ್ತಿದ್ದಳು. ನಾವೆಲ್ಲ ಮೇಲೆ ಹೊಲಿಗೆಯ ಕೋಣೆಯಲ್ಲಿದ್ದೆವು. ಇದ್ದಕ್ಕಿದ್ದಂತೆ ಗುಡುಗಿನಂಥ ಸದ್ದು ಬಂತು. ಎಲ್ಲರೂ ಕೆಳಗೆ ಓಡಿದೆವು. ಕೊಪ್ಪರಿಗೆಯ ಒಳಗಿಂದ ಎರಡು ಕಾಲು ಮಾತ್ರ ಹೊರಗೆ ಕಾಣುತ್ತಿದ್ದವು. ಒಳಗೆ ಇನ್ನಾಸಮ್ಮ ನಗುತ್ತಿದ್ದಳು. ತಾಮ್ರ ಆ ನಗುವನ್ನು ಹತ್ತು ಪಟ್ಟು ಮಾಡಿ ಹಿತ್ತಲಿಗೆಲ್ಲ ಎರಚುತ್ತಿತ್ತು. ಬಿದ್ದಳೋ, ತಲೆ ಕೆಟ್ಟಿತೋ ಎಂದು ನಾವು ಅವಳ ಕಾಲು ಹಿಡಿದು ಎಳೆದೆವು. ಮುಖವೆಲ್ಲ ಬೂದಿ, ಕಣ್ಣಲ್ಲಿ ನೀರು, ನಗು ನಿಲ್ಲುತ್ತಲೇ ಇಲ್ಲ.

"ಏನಾಯ್ತೇ?" ಎಂದೆ.

"ಕೇಳೋದು ಮರ್ತುಹೋಗಿದೆ ಕಣೆ," ಎಂದಳು. "ಘಮ ಕೊಡು ಅಂತ ಕೇಳೋದು. ಇವತ್ತು ಕೇಳಿಲ್ಲ, ನಿನ್ನೆ ಕೇಳಿಲ್ಲ. ಯಾವಾಗಿಂದ ಕೇಳಿಲ್ಲ ಅಂತ ನೆನಪೇ ಬರ್ತಿಲ್ಲ. ಸುಮ್ನೆ ಅವನ ಜೊತೆ ಕೂತು ಕೂತು ಎದ್ದು ಬರ್ತಿದೀನಿ."

ಇದರಲ್ಲಿ ನಗುವಂಥದ್ದೇನಿದೆ ಎಂದು ಯಾರಿಗೂ ತಿಳಿಯಲಿಲ್ಲ. ಎಲ್ಲರೂ ಮೇಲೆ ಹೋದೆವು. ಆದರೆ ಆ ದಿನದಿಂದ ಇನ್ನಾಸಮ್ಮ ಬೇರೆಯಾದಳು. ಅಡುಗೆಮನೆಯಲ್ಲಿ ಗುನುಗುವುದು ಕೇಳಿಸುತ್ತಿತ್ತು. ಬಾಗಿಲಿಗೆ ಬಂದ ಭಿಕ್ಷುಕರನ್ನು ಹೆಸರು ಹಿಡಿದು ಕರೆಯುತ್ತಿದ್ದಳು. ಬೆಕ್ಕಿನ ಜೊತೆಗೂ ಮರ್ಯಾದೆಯಿಂದ ಮಾತಾಡುತ್ತಿದ್ದಳು. ಉಪ್ಪು ಹೆಚ್ಚಾಯಿತೆಂದು ಬೈದರೆ, "ಹೌದಲ್ವಾ, ನಂಗೂ ಹಾಗೇ ಅನ್ನಿಸ್ತು," ಎಂದು ಒಪ್ಪಿಕೊಂಡು ಹೋಗುತ್ತಿದ್ದಳು. ಅವಳನ್ನು ಕುಗ್ಗಿಸಲು ಯಾರಿಗೂ ಯಾವ ದಾರಿಯೂ ಉಳಿಯಲಿಲ್ಲ.

ನನ್ನ ಕಥೆ ಬೇರೆ ದಿಕ್ಕಿಗೆ ಹೋಗುತ್ತಿತ್ತು. ಹೇಳಿಬಿಡುತ್ತೇನೆ. ವರ್ಷ ಕಳೆದಂತೆ ನಾನು ಕಣ್ಣು ಮುಚ್ಚಿದ ಕೂಡಲೇ ಮೊದಲು ನನ್ನ ಸಂಪಿಗೆಯನ್ನೇ ಹುಡುಕುತ್ತಿದ್ದೆ. ಬಂತಾ? ನಿನ್ನೆಯಷ್ಟು ಬಂತಾ? ಪಕ್ಕದವರಿಗೆ ತಲುಪಿತಾ? ಬಂದರೆ ಸಂತೋಷದಿಂದ ಏಳುತ್ತಿದ್ದೆ. ಅದನ್ನೇ ನಾನು ಭಕ್ತಿ ಎಂದುಕೊಂಡಿದ್ದೆ.

ಹೀಗಿರುವಾಗ ಒಂದು ವರ್ಷ, ವಿಭೂತಿ ಬುಧವಾರದ ದಿನ, ಊರಿನ ಘಮ ನಿಂತುಹೋಯಿತು. ಹಣೆಗೆ ವಿಭೂತಿ ಹಚ್ಚಿಸಿಕೊಂಡು ಜನ ಮೊಣಕಾಲೂರಿದರು. ಬೇರೆ ವರ್ಷವಾದರೆ ಅವತ್ತು ಚರ್ಚಿನೊಳಗೆ ಉಸಿರಾಡಲೂ ಕಷ್ಟ, ಅಷ್ಟು ಘಮ. ಈ ಸಲ ಬರೀ ಮೇಣದ ವಾಸನೆ. ಎಲ್ಲರಿಗೂ ನೆಗಡಿಯಾಗಿದೆಯೆಂದು ಮೊದಲು ಅಂದುಕೊಂಡರು. ಹೊರಗೆ ಬಂದರೆ ಈರುಳ್ಳಿ ವಾಸನೆ ಬರುತ್ತಿತ್ತು, ಚರಂಡಿ ವಾಸನೆ ಬರುತ್ತಿತ್ತು. ಪ್ರಾರ್ಥನೆಯದು ಮಾತ್ರ ಇಲ್ಲ. ಒಂದು ವಾರ ಕಾದರು, ಎರಡು ವಾರ ಕಾದರು. ತೋಮಾಸಪ್ಪನ ಹೆಂಡತಿ ಬಾಗಿಲು ತೆಗೆಯಲೋ ಬೇಡವೋ ತಿಳಿಯದೆ ಒಳಗೇ ನಿಂತು ಅತ್ತಳಂತೆ. ಗೊತ್ತಾಗಿದ್ದ ಎರಡು ಮದುವೆಗಳು ನಿಂತವು. ಯಾರ ಪಾಪದಿಂದ ಹೀಗಾಯಿತೆಂದು ಬೀದಿ ಬೀದಿಯಲ್ಲಿ ವಾದ ಹತ್ತಿತು. ಗಂಡಸರು ಚರ್ಚಿಗೆ ಬರುವುದನ್ನೇ ಕಡಿಮೆ ಮಾಡಿದರು. ಏನೂ ಬಾರದ ಮೇಲೆ ಯಾಕೆ ಹೋಗುವುದು ಎಂದರು.

ಮಠದ ಗತಿ ಇನ್ನೂ ಕೆಟ್ಟದ್ದು. ಮದರ್ ಒಬ್ಬರನ್ನು ಬಿಟ್ಟರೆ ನಮ್ಮೆಲ್ಲರ ಹೆಸರುಗಳೂ ಘಮದ ಹೆಸರುಗಳೇ. ಒಬ್ಬರನ್ನೊಬ್ಬರು ಕರೆಯಲು ನಾಲಗೆ ಏಳುತ್ತಿರಲಿಲ್ಲ. ಇಬ್ಬರು ಸಿಸ್ಟರುಗಳು ಪೆಟ್ಟಿಗೆ ಕಟ್ಟಿಕೊಂಡು ತೌರಿಗೆ ಹೋದರು. ಆಗ ಮದರ್ ಆಗಿದ್ದ ಅಗ್ನೇಸಮ್ಮನವರು ಊಟಕ್ಕೂ ಬಾರದೆ ಕೋಣೆ ಸೇರಿಕೊಂಡರು. ನಾನು ಪ್ರಾರ್ಥನೆಗೆ ಕೂತರೆ ಐದು ನಿಮಿಷದಲ್ಲಿ ಎದ್ದುಬಿಡುತ್ತಿದ್ದೆ. ನನ್ನನ್ನು ಯಾರೋ ಖಾಲಿ ಮನೆಯ ಮುಂದೆ ನಿಲ್ಲಿಸಿ ಹೋದಂತಿತ್ತು.

ಒಂದು ಮಧ್ಯಾಹ್ನ ತಡೆಯಲಾರದೆ ಅಡುಗೆಮನೆಗೆ ಹೋದೆ. ಇನ್ನಾಸಮ್ಮ ನೆನೆಹಾಕಿದ ಅವರೆಕಾಳನ್ನು ಬೋಗುಣಿಯಲ್ಲಿ ಮುಂದಿಟ್ಟುಕೊಂಡು ಹಿತುಕುತ್ತಿದ್ದಳು. ಪಾಸ್ಖ ಹಬ್ಬಕ್ಕೆ ಮುಂಚಿನ ತಪಸ್ಸುಕಾಲದಲ್ಲಿ ಮಾಂಸವಿಲ್ಲ, ದಿನವೂ ಹಿತುಕಿದ ಬೇಳೆಯ ಸಾರು. ಹೆಬ್ಬೆರಳಲ್ಲಿ ಒಂದು ಒತ್ತು ಒತ್ತಿದರೆ ಸಿಪ್ಪೆಯಿಂದ ಬೇಳೆ ಜಾರಿ ಬೀಳುತ್ತದೆ. ನಾನು ಅವಳ ಎದುರು ಕುಸಿದು ಕೂತೆ.

"ಘಮ ಹೋಯ್ತಲ್ಲೇ ಇನ್ನಾಸಿ," ಎಂದೆ.

"ಹೌದಂತೆ. ಎಲ್ರೂ ಹೇಳ್ತಿದಾರೆ. ಪಾಪ," ಎಂದಳು. ನಿಜವಾಗಿ ಮರುಕದಿಂದಲೇ ಹೇಳಿದಳು. "ನಂಗೆ ಗೊತ್ತಾಗ್ಲಿಲ್ಲ ನೋಡು. ನಂಗೆ ಯಾವತ್ತಿನ ಹಾಗೇ ಇದೆ."

"ನಿಂಗೆ ಹೆಂಗಿರತ್ತೆ ಅದು?"

ಅವಳು ನಾಲ್ಕೈದು ಕಾಳು ಹಿತುಕಿದಳು. "ಕತ್ಲೆ ಕೋಣೇಲಿ ಯಾರೋ ಕೂತಿರ್ತಾರಲ್ಲ, ಹಾಗೆ. ಕಾಣಲ್ಲ. ಮಾತಾಡಲ್ಲ. ಆದ್ರೆ ಖಾಲಿ ಕೋಣೆಗೂ ಜನ ಇರೋ ಕೋಣೆಗೂ ವ್ಯತ್ಯಾಸ ಗೊತ್ತಾಗಲ್ವಾ? ಮೊದಮೊದಲು ದೀಪ ಹಚ್ಚು ಹಚ್ಚು ಅಂತ ಬಡ್ಕೋತಿದ್ದೆ. ಈಗ ಇಲ್ಲ. ಕತ್ಲೇಲೇ ಹಿತವಾಗಿರತ್ತೆ."

"ನಂಗೆ ಆ ಕೋಣೆ ಖಾಲೀನೇ ಅನ್ನಿಸತ್ತೆ ಇನ್ನಾಸಿ."

"ನೀನು ಒಳಗೆ ಹೋಗೋದೇ ಇಲ್ವಲ್ಲೇ. ಬಾಗಿಲಲ್ಲೇ ನಿಂತು ಮೂಸಿ ವಾಪಸ್ ಬರ್ತೀಯ." ಹೀಗೆ ಹೇಳಿ ಬೋಗುಣಿಯನ್ನು ನನ್ನ ಕಡೆ ತಳ್ಳಿದಳು. "ಕಾಳು ಹಿತುಕು. ಕೈ ಸುಮ್ನಿದ್ರೆ ಮನಸ್ಸು ಸುಮ್ನಿರಲ್ಲ."

ನಾನು ಹಿತುಕಿದೆ. ಒಂದು ಗಂಟೆ ಕಳೆದಿರಬೇಕು. ನನಗೆ ಏನೂ ಕಾಣಲಿಲ್ಲ, ಏನೂ ಕೇಳಿಸಲಿಲ್ಲ. ಆದರೆ ಎದ್ದು ಹೋಗಬೇಕೆನ್ನಿಸಲಿಲ್ಲ. ಎಷ್ಟೋ ವರ್ಷಗಳ ಮೇಲೆ ಮೊದಲ ಸಲ ನಾನು ನನ್ನನ್ನು ಮೂಸಿ ನೋಡಿಕೊಳ್ಳದೆ ಒಂದು ಗಂಟೆ ಕೂತಿದ್ದೆ.

ಮಾರನೆಯ ದಿನ ನನ್ನ ಜೊತೆ ಇನ್ನೊಬ್ಬ ಸಿಸ್ಟರ್ ಬಂದರು. ವಾರದೊಳಗೆ ಒಂಬತ್ತು ಜನ. ಒಂದು ದಿನ ಮದರ್ ಅಗ್ನೇಸಮ್ಮನವರೇ ಬಾಗಿಲಲ್ಲಿ ನಿಂತು, ಒಳಗೆ ಬರಬಹುದೇ ಎಂದು ಕೇಳಿದರು. ತಮ್ಮದೇ ಮಠದ ಅಡುಗೆಮನೆಗೆ ಬರಲು ಅವರು ಅಪ್ಪಣೆ ಕೇಳಿದ್ದು ಅದೇ ಮೊದಲು. ಆಮೇಲೆ ಊರಿನ ಹೆಂಗಸರು ಹಿತ್ತಲ ಬಾಗಿಲಿಂದ ಬರತೊಡಗಿದರು. ತಮ್ಮ ತಮ್ಮ ಮನೆಯ ಕಾಳನ್ನು ಸೆರಗಲ್ಲಿ ಕಟ್ಟಿಕೊಂಡು ಬಂದು, ಜಾಗ ಸಿಕ್ಕಲ್ಲಿ ಕೂತು ಹಿತುಕುತ್ತಿದ್ದರು. ತೋಮಾಸಪ್ಪನ ಹೆಂಡತಿ ಬಂದಳು. ಮೇಣದಬತ್ತಿ ಕಾರ್ಖಾನೆಯ ಮರಿದಾಸಪ್ಪನ ಹೆಂಡತಿ ಜಪಮಾಲಮ್ಮ, ರೇಷ್ಮೆ ಸೀರೆಯಲ್ಲೇ ಬಂದು ಸೌದೆಯ ಮೇಲೆ ಕೂತರು. ಇನ್ನಾಸಮ್ಮ ಯಾರಿಗೂ ಪಾಠ ಹೇಳುತ್ತಿರಲಿಲ್ಲ. ಯಾರಾದರೂ ಕೇಳಿದರೆ ಒಂದು ಮಾತು, ಇಲ್ಲವಾದರೆ ಅದೂ ಇಲ್ಲ. ಮೂವತ್ತು ನಲವತ್ತು ಹೆಂಗಸರಿದ್ದರೂ ಬೇಳೆ ಬೋಗುಣಿಗೆ ಬೀಳುವ ಟಪ್ ಟಪ್ ಸದ್ದೊಂದೇ. ನಡುನಡುವೆ ಯಾರೋ ಕಾರಣವಿಲ್ಲದೆ ನಗುತ್ತಿದ್ದರು. ಉಳಿದವರಿಗೂ ನಗು ಬರುತ್ತಿತ್ತು.

ಇದು ಊರಿನ ಪಂಚರ ಕಿವಿಗೆ ಬೀಳದೆ ಇರುತ್ತದೆಯೇ? ಪಾಸ್ಖಕ್ಕೆ ಹಿಂದಿನ ವಾರದ ಗರಿಗಳ ಭಾನುವಾರಕ್ಕೆ ಎರಡು ದಿನ ಮುಂಚೆ, ಮಧ್ಯಾಹ್ನ, ಮರಿದಾಸಪ್ಪನ ಮುಂದಾಳ್ತನದಲ್ಲಿ ನಾಲ್ಕು ಜನ ಪಂಚರು ಅಡುಗೆಮನೆಗೆ ನುಗ್ಗಿದರು. ಹಿಂದೆ ಫಾದರ್ ಅರುಳಪ್ಪನವರು ಇದ್ದರು, ಎಳೆದುಕೊಂಡು ಬಂದವರ ಹಾಗೆ. ಮರಿದಾಸಪ್ಪನ ಪ್ರಾರ್ಥನೆ ಒಂದು ಕಾಲಕ್ಕೆ ಗಂಧದ ಘಮಕ್ಕೆ ಹೆಸರಾಗಿತ್ತು.

"ಇಲ್ಲಿ ಪ್ರಾರ್ಥನೆ ಹೇಳಿಕೊಡ್ತಿರೋದು ಯಾರು?" ಎಂದ.

"ಯಾರೂ ಇಲ್ಲಣ್ಣ. ಕಾಳು ಹಿತುಕ್ತಿದೀವಿ," ಎಂದಳು ಇನ್ನಾಸಮ್ಮ.

"ಆಟ ಆಡಬೇಡ. ಈ ಊರಲ್ಲಿ ಘಮ ಇಲ್ದೋಳು ಅಂತ ಇದ್ದಿದ್ದು ನೀನೊಬ್ಬಳೇ. ಈಗ ಯಾರಿಗೂ ಇಲ್ಲ. ನಿನ್ನ ಬರಡುತನ ಊರಿಗೆಲ್ಲಾ ಅಂಟಿದೆ. ಮೊದಲು ಅಂಟಿದ್ದು ಈ ಮಠಕ್ಕೆ, ಈಗ ನಮ್ಮ ಮನೆ ಹೆಂಗಸರಿಗೆ. ಭಾನುವಾರದೊಳಗೆ ನೀನು ಊರು ಬಿಡಬೇಕು. ಪಂಚರೆಲ್ಲಾ ಸೇರಿ ತೀರ್ಮಾನ ಮಾಡಿದೀವಿ."

ಕಾಳು ಹಿತುಕುತ್ತಿದ್ದ ಕೈಗಳೆಲ್ಲ ನಿಂತವು. ಇನ್ನಾಸಮ್ಮ ಐವತ್ತೊಂದು ವರ್ಷದ ಹೆಂಗಸು. ತಂದೆ ತಾಯಿ ಸತ್ತು ಎಷ್ಟೋ ಕಾಲವಾಗಿತ್ತು. ಈ ಒಲೆಯ ಮುಂದಿನ ಜಾಗ ಬಿಟ್ಟರೆ ಅವಳಿಗೆ ಎಲ್ಲೂ ನೆಲೆಯಿರಲಿಲ್ಲ. ಇನ್ನಾಸಮ್ಮ ಮರಿದಾಸಪ್ಪನ ಮಾತನ್ನು ನಿಜವಾಗಿಯೂ ಯೋಚಿಸಿ ನೋಡಿದಳು. ಅದು ಅವಳ ಮುಖದಲ್ಲಿ ಕಾಣುತ್ತಿತ್ತು.

"ಇರಬೋದಣ್ಣ. ನಂಗೆ ತಿಳಿಯಲ್ಲ," ಎಂದಳು. "ನಾನು ಹೋದ್ರೆ ಊರಿಗೆ ಒಳ್ಳೇದಾಗತ್ತೆ ಅಂದ್ರೆ ಹೋಗ್ತೀನಿ. ಒಲೆ ಮೇಲೆ ಅನ್ನ ಇದೆ. ಅದೊಂದು ಬಸಿದು ಹೋಗ್ಲಾ?"

ಸೋತವಳ ಮಾತಲ್ಲ ಅದು, ಹಟದ ಮಾತೂ ಅಲ್ಲ. ಮರಿದಾಸಪ್ಪ ಜಗಳಕ್ಕೆ ತಯಾರಾಗಿ ಬಂದಿದ್ದ. ಜಗಳವಾಡಲು ಎದುರಿಗೆ ಯಾರೂ ಇರಲಿಲ್ಲ. ಅವನು ತಬ್ಬಿಬ್ಬಾಗಿ ಫಾದರ್ ಕಡೆ ನೋಡಿದ.

ಫಾದರ್ ಅರುಳಪ್ಪನವರು ಮುಂದೆ ಬಂದರು. ಅರವತ್ತರ ಹತ್ತಿರದವರು, ಮಿತವಾಗಿ ಮಾತಾಡುವವರು. "ಇನ್ನಾಸಮ್ಮ, ಒಂದು ಕೇಳಬೇಕು," ಎಂದರು. "ಮೂವತ್ತೊಂದು ವರ್ಷ. ಏನೂ ಸಿಗದೆ ಯಾಕೆ ಕೂತೆ?"

ಇನ್ನಾಸಮ್ಮನಿಗೆ ಆಶ್ಚರ್ಯವಾಯಿತು. "ಸಿಗಲಿಲ್ಲ ಅಂತ ಯಾರು ಹೇಳಿದ್ರು ಫಾದರ್?"

"ಮತ್ತೆ ಏನು ಸಿಕ್ತು?"

"ಹೇಳೋಕೆ ಬರಲ್ಲ," ಎಂದು ಬೇಳೆಯ ಲೋಳೆ ಮೆತ್ತಿದ್ದ ಕೈಗಳನ್ನು ನೋಡಿಕೊಂಡಳು. "ಮದುವೆಮನೆಗೆ ಹೋಗಿ ಬಂದೋರನ್ನ ಊಟ ಹೆಂಗಿತ್ತು ಅಂತ ಕೇಳ್ತಾರಲ್ಲ ಫಾದರ್. ನಾನು ಊಟಕ್ಕೆ ಕೂರಲೇ ಇಲ್ಲ. ಮದುಮಗನ ಹತ್ರ ಮಾತಾಡ್ತಾ ನಿಂತುಬಿಟ್ಟೆ. ಎಲ್ರೂ ಊಟ ಊಟ ಅಂತಾರೆ, ನಂಗೆ ಹೊಟ್ಟೆ ಹಸೀಲೇ ಇಲ್ಲ."

ಫಾದರ್ ಅರುಳಪ್ಪನವರ ಕಣ್ಣು ತುಂಬಿದ್ದು ನಾನು ನೋಡಿದೆ. ಅವರು ಪಂಚರ ಕಡೆ ತಿರುಗಿ, ಎಲ್ಲರಿಗೂ ಕೇಳಿಸುವಂತೆ ಹೇಳಿದರು: "ನನ್ನ ಘಮ ಹೋಗಿ ಆರು ವರ್ಷ ಆಯ್ತು. ನಿಮಗ್ಯಾರಿಗೂ ಗೊತ್ತಾಗಬಾರದು ಅಂತ ಪೂಜೆಗೆ ಧೂಪ ಜಾಸ್ತಿ ಹಾಕಿಸ್ತಿದ್ದೆ. ಹೆದರಿಕೆ ನನಗೆ. ದೇವರು ಬಿಟ್ಟುಹೋದ ಅಂದ್ಕೊಂಡಿದ್ದೆ. ಈಗ ಈಕೆ ಹೇಳೋದು ಕೇಳಿದ್ರೆ, ಬಹುಶಃ ನಾನೇ ಊಟದ ಪಂಕ್ತಿ ಬಿಟ್ಟು ಏಳಲಿಲ್ಲವೇನೋ." ಹೀಗೆಂದವರೇ ರಾಗಿ ಮೂಟೆಯ ಮೇಲೆ ಕೂತು, ಅಂಗಿಯ ತೋಳು ಮಡಚಿ, "ಒಂದು ಬಟ್ಟಲು ಕಾಳು ಕೊಡಮ್ಮ," ಎಂದರು.

ಮರಿದಾಸಪ್ಪ ಕೆಂಪಾಗಿ, "ಜಪಮಾಲ, ಏಳು, ಹೋಗೋಣ," ಎಂದ.

ಜಪಮಾಲಮ್ಮ ಕೂತಲ್ಲಿಂದ ಕದಲಲಿಲ್ಲ. "ನೀವು ಹೋಗಿರಿ. ನಂದು ಇನ್ನೂ ಅರ್ಧ ಸೇರು ಇದೆ," ಎಂದರು.

ಪಂಚರು ಹೊರಟರು. ಮದರ್ ಅಗ್ನೇಸಮ್ಮನವರು ಬಾಗಿಲವರೆಗೆ ಹೋಗಿ, "ಅವಳು ಊರು ಬಿಟ್ಟರೆ ಈ ಮಠವೂ ಅವಳ ಹಿಂದೆ ಬಿಡತ್ತೆ, ಮರಿದಾಸಪ್ಪ. ತೀರ್ಮಾನದ ಪುಸ್ತಕದಲ್ಲಿ ಅದನ್ನೂ ಬರಕೊಳ್ಳಿ," ಎಂದು ತಣ್ಣಗೆ ಹೇಳಿ ಬಂದರು. ಪುಸ್ತಕದಲ್ಲಿ ಯಾರೂ ಏನೂ ಬರೆಯಲಿಲ್ಲ. ಮಾರನೆಯ ದಿನ ಹೆಂಡತಿಯನ್ನು ಕರೆದೊಯ್ಯಲು ಬಂದ ಮರಿದಾಸಪ್ಪ ಹೊಸ್ತಿಲಾಚೆ ನಿಂತ. ಜಪಮಾಲಮ್ಮನದು ಮುಗಿದಿರಲಿಲ್ಲ. ನಿಂತು ನಿಂತು ಕಾಲು ಸೋತು ಹೊಸ್ತಿಲ ಮೇಲೇ ಕೂತ. ಅದರ ಮಾರನೆಯ ದಿನ ಸ್ವಲ್ಪ ಬೇಗನೇ ಬಂದು ಕೂತ.

ಆ ವರ್ಷದ ಪಾಸ್ಖ ಹಬ್ಬದ, ಎಂದರೆ ಈಸ್ಟರಿನ, ಪೂಜೆಯಂಥದ್ದನ್ನು ನಾನು ಹಿಂದೆ ಕಂಡಿಲ್ಲ, ಮುಂದೆಯೂ ಕಂಡಿಲ್ಲ. ಘಮ ಒಂದಿಷ್ಟೂ ಇರಲಿಲ್ಲ. ಚರ್ಚು ಮಾತ್ರ ಕಾಲಿಡಲು ಜಾಗವಿಲ್ಲದಷ್ಟು ತುಂಬಿತ್ತು. ಏನೂ ಸಿಗುವುದಿಲ್ಲವೆಂದು ಗೊತ್ತಿದ್ದೂ ಬಂದ ಜನ ಅವರು. ಯಾರೂ ಯಾರ ಕಡೆಗೂ ಮೂಗು ತಿರುಗಿಸಲಿಲ್ಲ. ಅಲ್ಲೇಲೂಯ ಹಾಡಿದಾಗ ಹೆಂಚಿನ ಮೇಲಿದ್ದ ಪಾರಿವಾಳಗಳೆಲ್ಲ ಹಾರಿದವು. ಇನ್ನಾಸಮ್ಮನನ್ನು ಮದರ್ ತಮ್ಮ ಪಕ್ಕದ ಬೆಂಚಿನಲ್ಲಿ ಕೂರಿಸಿಕೊಂಡಿದ್ದರು. ಅವಳು ಎಲ್ಲರಿಗಿಂತ ಜೋರಾಗಿ ಅಪಸ್ವರದಲ್ಲಿ ಹಾಡಿದಳು.

ಹಬ್ಬವಾಗಿ ಎಂಟು ದಿನಕ್ಕೆ ಘಮ ವಾಪಸು ಬಂತು. ಮೊದಲು ದರ್ಜಿ ರಾಯಪ್ಪನ ಮನೆಯಲ್ಲಿ, ಸಂಜೆಯ ಹೊತ್ತಿಗೆ ಊರೆಲ್ಲ. ಜನ ಖುಷಿಪಟ್ಟರು, ಪಾಯಸ ಮಾಡಿ ಹಂಚಿದರು. ಆದರೆ ಮೊದಲಿನ ಹಾಗೆ ಅದರ ಹಿಂದೆ ಬೀಳಲಿಲ್ಲ. ನನ್ನ ಸಂಪಿಗೆಯೂ ಬಂದಿತ್ತಂತೆ. ಅದನ್ನು ಪಕ್ಕದ ಸಿಸ್ಟರ್ ಹೇಳಬೇಕಾಯಿತು. "ಹೌದಾ?" ಎಂದೆ. ನಾನು ಗಮನಿಸಿರಲಿಲ್ಲ. ಗಮನಿಸಿರಲಿಲ್ಲ ಎಂಬುದು ಹೊಳೆದಾಗ ಆದ ಸಂತೋಷ ದೊಡ್ಡದು.

ಮದರ್ ಅಗ್ನೇಸಮ್ಮನವರು ಇನ್ನಾಸಮ್ಮನನ್ನು ಕರೆಸಿ, ವ್ರತ ಕೊಟ್ಟು ಸಿಸ್ಟರ್ ಮಾಡಿಕೊಳ್ಳುತ್ತೇವೆ, ನೀನು ಒಪ್ಪಬೇಕು ಎಂದರು. ಅವಳಿಗೆ ಸಂತೋಷವಾಯಿತು. ಮದರ್ ಕೈಗಳನ್ನು ಕಣ್ಣಿಗೊತ್ತಿಕೊಂಡಳು. "ಇಪ್ಪತ್ತನೇ ವಯಸ್ಸಲ್ಲಿ ಇದಕ್ಕೋಸ್ಕರ ಪ್ರಾಣ ಬೇಕಾದ್ರೂ ಕೊಡ್ತಿದ್ದೆ ಮದರ್," ಎಂದಳು. "ಈಗ ಬೇರೆ ಒಂದು ಆಸೆ ಬಂದಿದೆ. ಬೈಯಬಾರದು."

ಪಾತ್ರೆಗಳಿಗೆ ಕಲಾಯಿ ಹಾಕಲು ಆ ವಾರ ಬುಡನ್ ಸಾಬ್ ಬಂದಿದ್ದ. ಊರೂರು ಸುತ್ತುವವನು. ತಿದಿ ಒತ್ತುತ್ತ ಅವನು ಮಾತಿಗೆ ಮಾತು ಬಂದು, ತಾನು ಕಂಡ ಬೇರೆ ಯಾವ ಊರಲ್ಲೂ ಪ್ರಾರ್ಥನೆಗೆ ಘಮವೇ ಇಲ್ಲ, ಚರ್ಚಿನಲ್ಲಾಗಲಿ ಮಸೀದಿಯಲ್ಲಾಗಲಿ ಗುಡಿಯಲ್ಲಾಗಲಿ ಜನ ಸುಮ್ಮನೆ ಕಣ್ಣು ಮುಚ್ಚಿ ಕೂತು ಎದ್ದು ಹೋಗುತ್ತಾರೆ ಎಂದಿದ್ದ. ಇನ್ನಾಸಮ್ಮ ಕೈಯಲ್ಲಿದ್ದ ತಪ್ಪಲೆ ಕೆಳಗಿಟ್ಟು ಅದನ್ನು ಮೂರು ಸಲ ಹೇಳಿಸಿ ಕೇಳಿದ್ದಳು.

"ಅಲ್ಲಿ ಎಲ್ಲಾರೂ ನನ್ನ ಥರಾನೇ ಅಂತೆ ಕಣೆ ಸೆಸಿಲಿ," ಎಂದಳು ನನ್ನ ಹತ್ತಿರ. ಅವಳ ಮುಖ ಚಿಕ್ಕ ಹುಡುಗಿಯದಾಗಿತ್ತು. "ಊರ ತುಂಬಾ. ಏನೂ ಬರದೇ ಇದ್ರೂ ಕೂರ್ತಾರಂತೆ. ಎಷ್ಟು ಧೈರ್ಯ ನೋಡು ಅವರಿಗೆ. ನಾನು ಅವರನ್ನೆಲ್ಲಾ ನೋಡಬೇಕು."

"ಈ ವಯಸ್ಸಲ್ಲಿ ಎಲ್ಲಿ ಇರ್ತೀಯೇ? ಏನು ತಿಂತೀಯ?" ಎಂದೆ.

"ಅಡುಗೆ ಬರತ್ತಲ್ಲ," ಎಂದಳು.

ಒಂದು ಸೋಮವಾರ ಬೆಳಿಗ್ಗೆ ಅವಳು ಬಸ್ಸು ಹತ್ತಿದಳು. ಮಠದವರೆಲ್ಲ ದಿಬ್ಬ ಇಳಿದು ಬಂದೆವು, ಊರಿನವರೂ ಬಂದರು. ಫಾದರ್ ಆಶೀರ್ವಾದ ಮಾಡಲು ಕೈಯೆತ್ತಿ, ಆಮೇಲೆ ತಾವೇ ತಲೆ ಬಗ್ಗಿಸಿದರು. ಇನ್ನಾಸಮ್ಮ ಸಂಕೋಚಪಡದೆ ಅವರ ತಲೆ ಮುಟ್ಟಿ ಹಣೆಯ ಮೇಲೆ ಶಿಲುಬೆಯ ಗುರುತು ಹಾಕಿದಳು. ಮರಿದಾಸಪ್ಪ ದಾರಿಗೆಂದು ಬುತ್ತಿ ತಂದಿದ್ದ. ಅವಳು ಕಿಟಕಿಯಿಂದ ಕೈಬೀಸುತ್ತ ನಗುತ್ತ ಹೋದಳು; ನಾನು ಅಳುತ್ತ ನಗುತ್ತ ದಿಬ್ಬ ಹತ್ತಿ ಬಂದು, ಯಾರೂ ಹೇಳದೆಯೇ ಒಲೆಯ ಮುಂದೆ ಕೂತೆ. ಅವತ್ತಿನ ಅನ್ನ ತಳ ಹಿಡಿಯಿತು. ಯಾರೂ ಏನೂ ಅನ್ನದೆ ಉಂಡರು. ಈಗ ಅಷ್ಟು ಕೆಟ್ಟದಾಗಿ ಮಾಡುವುದಿಲ್ಲ.

ಮರುವರ್ಷ ಬುಡನ್ ಸಾಬ್ ಬಂದಾಗ ತಿದಿ ಇಳಿಸುವ ಮುಂಚೆಯೇ ಕೇಳಿದೆ. ಕಂಡಿದ್ದೇನೆ ಎಂದ. ದೊಡ್ಡ ಊರೊಂದರ ಬಸ್ ನಿಲ್ದಾಣದ ಪಕ್ಕದ ಹೋಟೆಲಿನಲ್ಲಿ ಇಡ್ಲಿಗೆ ರುಬ್ಬುತ್ತಾಳಂತೆ. ಆರೋಗ್ಯವಾಗಿದ್ದಾಳಂತೆ. ಬಿಡುವು ಸಿಕ್ಕಾಗ ನಿಲ್ದಾಣದ ಕಲ್ಲುಬೆಂಚಿನ ಮೇಲೆ ಕೂತು, ಬಸ್ಸಿಗೆ ಕಾಯುವವರನ್ನು, ಹೂ ಕಟ್ಟುವವರನ್ನು, ತೂಕಡಿಸುವ ಕಂಡಕ್ಟರುಗಳನ್ನು ನೋಡುತ್ತಿರುತ್ತಾಳಂತೆ. ನನಗೊಂದು ಮಾತು ಹೇಳಿ ಕಳಿಸಿದ್ದಳು. ಮರೆಯಬಾರದೆಂದು ಬುಡನ್ ಸಾಬ್ ದಾರಿಯುದ್ದಕ್ಕೂ ಬಾಯಿಪಾಠ ಮಾಡಿಕೊಂಡು ಬಂದಿದ್ದ. ಕೈ ಒರೆಸಿಕೊಂಡು, ನೆಟ್ಟಗೆ ನಿಂತು, ಅವಳ ಮಾತನ್ನು ಅವಳ ಹಾಗೆಯೇ ಹೇಳಿದ:

"ಇಲ್ಲಿ ಯಾರು ಪ್ರಾರ್ಥನೆ ಮಾಡ್ತಿದಾರೆ, ಯಾರು ಮಾಡ್ತಿಲ್ಲ ಅಂತ ಗೊತ್ತೇ ಆಗಲ್ಲ ಕಣೆ ಸೆಸಿಲಿ. ಅದಕ್ಕೇ ಎಲ್ರೂ ಮಾಡ್ತಿದಾರೆ ಅಂದ್ಕೊಂಡು ನೋಡ್ತಿದೀನಿ."